ಗಂಧೆಗೆ ಕಂಬಳಿ, ಸೀನಿಗೆ ಗುಳಿಗೆ

ಮಂಡ್ಯ, ಮದ್ದೂರು, ಮಳವಳ್ಳಿ ಸೀಮೆಯ ಹಿರಿಯರಿಗೆ ‘ಅಲರ್ಜಿ’ ಎಂಬ ಪದ ಗೊತ್ತಿರಲಿಲ್ಲ. ಆದರೆ ಆ ಪದ ಹೇಳುವ ಸಂಕಟ ಚೆನ್ನಾಗಿಯೇ ಗೊತ್ತಿತ್ತು. ಮೈಮೇಲೆ ಇದ್ದಕ್ಕಿದ್ದಂತೆ ಕೆಂಪು ದದ್ದುಗಳೆದ್ದು ನವೆ ಹತ್ತಿದರೆ ಅದು ಪಿತ್ತದ ಗಂಧೆ. ಹಿತ್ತಲಿನ ದೊಡ್ಡಪತ್ರೆ ಎಲೆಯನ್ನು ಕಿವುಚಿ ರಸ ಹಚ್ಚಿ, ಕರಿಕಂಬಳಿ ಹೊದಿಸಿ ಮಲಗಿಸುತ್ತಿದ್ದರು. ಬದನೆಕಾಯಿ ತಿಂದ ಮೇಲೆ ಮೈ ಕೆರೆದರೆ ಅದು ನಂಜು. ಕೆಲವರಿಗೆ ಕೆಲವು ಪದಾರ್ಥ ‘ಒಗ್ಗುವುದಿಲ್ಲ’, ‘ಆಗಿಬರುವುದಿಲ್ಲ’. ಸೀನಿನ ಲೆಕ್ಕವೇ ಬೇರೆ. ಹೊರಟವರ ಮುಂದೆ ಒಂಟಿ ಸೀನು ಬಿದ್ದರೆ ಅಪಶಕುನ. ಎಳೆಮಗು ಸೀನಿದರೆ ‘ನೂರು ವರ್ಷ’ ಎಂಬ ಹಾರೈಕೆ. ಆದರೆ ಸುಗ್ಗಿಯ ಕಣದಲ್ಲಿ ನಿಂತು ಒಂದೇ ಸಮನೆ ಹತ್ತು ಹದಿನೈದು ಬಾರಿ ಸೀನುವವನಿಗೆ ಶಕುನ ಹೇಳುವವರಿರಲಿಲ್ಲ. ಅವನಿಗೆ ದೂಳು ಆಗದು ಎಂದು ತಿಳಿದು ಬೇರೆ ಕೆಲಸ ಕೊಡುತ್ತಿದ್ದರು. ಅಲರ್ಜಿಗೆ ಇಂದಿಗೂ ವೈದ್ಯರು ಹೇಳುವ ಮೊದಲ ಉಪಾಯ ಅದೇ.

ಸಂಸ್ಕೃತದ ವೈದ್ಯಗ್ರಂಥಗಳಿಗೂ ಇದು ಹೊಸದಲ್ಲ. ‘ಮಾಧವನಿದಾನ’ದಲ್ಲಿ ಶೀತಪಿತ್ತ, ಉದರ್ದ, ಕೋಠ ಎಂಬ ಹೆಸರಿನಲ್ಲಿ ದದ್ದು ಏಳುವ ರೋಗಗಳಿಗೆಂದೇ ಒಂದು ಅಧ್ಯಾಯವಿದೆ. ಯೂರೋಪಿನವರಿಗೆ ‘ಅಲರ್ಜಿ’ ಎಂಬ ಹೆಸರು ಸಿಕ್ಕಿದ್ದು 1906ರಲ್ಲಿ. ವಿಯೆನ್ನಾದ ಮಕ್ಕಳ ವೈದ್ಯ ಕ್ಲೆಮೆನ್ಸ್ ಫಾನ್ ಪಿರ್ಕೆ ಎರಡು ಗ್ರೀಕ್ ಪದಗಳನ್ನು ಜೋಡಿಸಿ ಅದನ್ನು ಕಟ್ಟಿದ. ದೇಹ ‘ಬೇರೆ ಬಗೆಯಾಗಿ’ ವರ್ತಿಸುವುದು ಎಂಬುದು ಅದರ ಅರ್ಥ. ಕನ್ನಡದಲ್ಲಿ ‘ಒಗ್ಗದಿಕೆ’ ಎಂಬ ಮಾತೂ ಬಳಕೆಗೆ ಬಂದಿದೆ. ಗ್ರೀಕ್ ಪದಕ್ಕಿಂತ ಇದೇ ವಿಷಯಕ್ಕೆ ಹತ್ತಿರವಾದದ್ದು. ಆದರೂ ಜನ ಒಪ್ಪಿಕೊಂಡದ್ದು ಅಲರ್ಜಿಯನ್ನೇ.

ಒಗ್ಗದ ವಸ್ತುಗಳಿಗೆ ಈ ಸೀಮೆಯಲ್ಲಿ ಬರವಿಲ್ಲ. ಕನ್ನಂಬಾಡಿ ಕಟ್ಟೆಯ ನೀರು ನಾಲೆಯಲ್ಲಿ ಹರಿದು ಬಂದ ಮೇಲೆ ರಾಗಿ, ಹುರುಳಿ ಬೆಳೆಯುತ್ತಿದ್ದ ಒಣನೆಲ ಭತ್ತ, ಕಬ್ಬಿನ ಬಯಲಾಯಿತು. 1933ರಲ್ಲಿ ಮಂಡ್ಯದಲ್ಲಿ ಮೈಸೂರು ಸಕ್ಕರೆ ಕಂಪನಿ ಸ್ಥಾಪನೆಯಾಯಿತು. ಹಸಿರಿನ ಜೊತೆಗೆ ಅದರ ದೂಳೂ ಬಂತು. ಭತ್ತದ ಹೊಟ್ಟು, ಅಕ್ಕಿ ಗಿರಣಿಯ ತೌಡಿನ ಪುಡಿ, ಮಳೆಗೆ ನೆನೆದ ಹುಲ್ಲಿನ ಮೆದೆಯಲ್ಲಿ ಬೆಳೆಯುವ ಬೂಷ್ಟು, ಕಬ್ಬಿನ ಸೋಗೆಯ ಸುಂಕು ಇವೆಲ್ಲ ಮೂಗು, ಕಣ್ಣು, ಚರ್ಮವನ್ನು ಕೆಣಕುವಂಥವು. ಕಣ ಮಾಡುವ ಪದ್ಧತಿ ಕಡಿಮೆಯಾಗಿ ಹುರುಳಿ, ರಾಗಿಯನ್ನು ಡಾಂಬರು ರಸ್ತೆಯ ಮೇಲೆ ಹರಡಿ ವಾಹನಗಳ ಚಕ್ರಕ್ಕೆ ಒಕ್ಕಣೆಯನ್ನು ಒಪ್ಪಿಸಿದ ಮೇಲೆ, ಕಣದ ದೂಳು ದಾರಿಹೋಕರಿಗೂ ಹಂಚಿಕೆಯಾಯಿತು. ಮಳವಳ್ಳಿ, ಮದ್ದೂರು ತಾಲ್ಲೂಕುಗಳು ಹಳೆಯ ರೇಷ್ಮೆ ಸೀಮೆ. ರೇಷ್ಮೆ ಗೂಡು ಬೇಯಿಸಿ ನೂಲು ತೆಗೆಯುವವರಲ್ಲಿ ರೇಷ್ಮೆಯ ಅಂಟು ಮತ್ತು ಹುಳುವಿನ ಅಂಶಗಳಿಂದ ಉಬ್ಬಸ ಬರುವುದನ್ನು 1980ರ ದಶಕದಲ್ಲೇ ಸಂಶೋಧಕರು ವರದಿ ಮಾಡಿದ್ದಾರೆ.

ಇವೆಲ್ಲಕ್ಕಿಂತ ಕುಖ್ಯಾತವಾದದ್ದು ಪಾರ್ಥೇನಿಯಂ, ಜನರ ಬಾಯಲ್ಲಿ ಕಾಂಗ್ರೆಸ್ ಗಿಡ. ಅಮೆರಿಕ ಖಂಡದ ಈ ಕಳೆ ಪುಣೆಯಲ್ಲಿ ಬೆಳೆದಿರುವುದು 1956ರಲ್ಲಿ ದಾಖಲಾಯಿತು. ಅಲ್ಲಿಂದ ಎರಡು ದಶಕ ಕಳೆಯುವುದರೊಳಗೆ ಕರ್ನಾಟಕದ ರಸ್ತೆಬದಿ, ಬೀಳುಭೂಮಿ, ನಾಲೆಯ ಏರಿಗಳನ್ನೆಲ್ಲ ಅದು ಆಕ್ರಮಿಸಿತ್ತು. 1975ರಲ್ಲಿ ರಾಜ್ಯ ಸರ್ಕಾರ ಕಾಯ್ದೆಯ ಮೂಲಕ ಇದನ್ನು ಹಾನಿಕಾರಕ ಕಳೆಯೆಂದು ಸಾರಿತು; ಕಳೆ ಅದನ್ನು ಓದಲಿಲ್ಲ. 1983ರಲ್ಲಿ ಮೆಕ್ಸಿಕೊದಿಂದ ಅದರ ಎಲೆ ತಿನ್ನುವ ಜೀರುಂಡೆಯನ್ನು ಬೆಂಗಳೂರಿಗೆ ತರಿಸಿ, ಮರುವರ್ಷ ಹೊರಗೆ ಬಿಡಲಾಯಿತು. ಮಳೆಗಾಲದಲ್ಲಿ ಜೀರುಂಡೆ ಎಲೆಗಳನ್ನು ಜರಡಿಯಂತೆ ಮಾಡುವುದನ್ನು ಈಗಲೂ ಕಾಣಬಹುದು. ಆದರೂ ಗಿಡ ಉಳಿದಿದೆ. ಇದರ ಪರಾಗ ಮೂಗಿಗೆ ಹೋದರೆ ಸೀನು, ಕಣ್ಣುರಿ. ಗಿಡವನ್ನೇ ಮುಟ್ಟಿ ಕಿತ್ತವರಲ್ಲಿ ಕೆಲವರಿಗೆ ಮುಖ, ಕತ್ತು, ಮೊಣಕೈಯ ಮಡಿಕೆಗಳಲ್ಲಿ ಚರ್ಮ ಒರಟಾಗಿ ಸೀಳುವ ಕಜ್ಜಿ. ಎರಡೂ ಅಲರ್ಜಿಯೇ, ಆದರೆ ಒಂದೇ ಬಗೆಯದಲ್ಲ. ಗುಳಿಗೆಯ ವಿಚಾರಕ್ಕೆ ಬಂದಾಗ ಈ ವ್ಯತ್ಯಾಸ ಮುಖ್ಯ.

ಗುಳಿಗೆ ಏನು ಮಾಡುತ್ತದೆಂದು ತಿಳಿಯಲು ದೇಹದೊಳಗೆ ನಡೆಯುವುದನ್ನು ಸ್ವಲ್ಪ ನೋಡಬೇಕು. ಮೂಗು, ಶ್ವಾಸನಾಳ, ಕರುಳಿನ ಒಳಪೊರೆಗಳಲ್ಲಿ ಮತ್ತು ಚರ್ಮದಲ್ಲಿ ‘ಮಾಸ್ಟ್’ ಎಂಬ ಜೀವಕೋಶಗಳಿವೆ. ಜರ್ಮನಿಯ ಪಾಲ್ ಎರ್ಲಿಕ್ 1878ರಲ್ಲಿ, ಇನ್ನೂ ವಿದ್ಯಾರ್ಥಿಯಾಗಿದ್ದಾಗಲೇ, ಇವನ್ನು ಗುರುತಿಸಿದ್ದ. ಈ ಕೋಶಗಳ ಹೊಟ್ಟೆಯೊಳಗೆ ಹಿಸ್ಟಮಿನ್ ಎಂಬ ರಾಸಾಯನಿಕ ಸಣ್ಣ ಕಾಳುಗಳಂತೆ ತುಂಬಿರುತ್ತದೆ. ಒಗ್ಗದ ಪರಾಗವೋ ದೂಳೋ ಬಂದು ತಾಗಿದೊಡನೆ ಕಾಳುಗಳು ಹೊರಚೆಲ್ಲುತ್ತವೆ. ಹಿಸ್ಟಮಿನ್ ತಾಗಿದ ಕಡೆ ರಕ್ತನಾಳ ಹಿಗ್ಗಿ ನೀರು ಸೋರುತ್ತದೆ, ನರ ಕೆರಳುತ್ತದೆ. ಮೂಗು ಸುರಿಯುವುದು, ಕಣ್ಣು ಕೆಂಪಾಗುವುದು, ದದ್ದು ಏಳುವುದು ಹೀಗೆ. ಮಂಡ್ಯದ ರೈತರಿಗೆ ಇದನ್ನು ನಾಲೆಯ ಭಾಷೆಯಲ್ಲಿ ಹೇಳುವುದು ಸುಲಭ. ಹಿಸ್ಟಮಿನ್ ತೂಬಿನಿಂದ ಬಿಟ್ಟ ನೀರು. ಗುಳಿಗೆ ತೂಬನ್ನು ಮುಚ್ಚುವುದಿಲ್ಲ. ಗದ್ದೆಯ ಬಾಯಿಗೆ ಮಣ್ಣು ಕಟ್ಟುತ್ತದೆ. ನೀರು ಬರುವ ಮುಂಚೆ ಬಾಯಿ ಕಟ್ಟಿದವನ ಗದ್ದೆ ಒಣಗಿರುತ್ತದೆ. ತುಂಬಿದ ಮೇಲೆ ಕಟ್ಟಿದವನ ಗದ್ದೆಗೆ ಹೊಸ ನೀರು ಬಾರದಿದ್ದರೂ ನಿಂತ ನೀರು ಇಂಗಲು ಹೊತ್ತು ಬೇಕು. ಒಕ್ಕಣೆಯ ದೂಳು ಆಗದವರು ಕೆಲಸಕ್ಕೆ ಒಂದೆರಡು ಗಂಟೆ ಮುಂಚೆ ಗುಳಿಗೆ ನುಂಗಿದರೆ ಹೆಚ್ಚು ಫಲ, ಐವತ್ತು ಸೀನು ಸೀನಿದ ಮೇಲೆ ನುಂಗಿದರೆ ಕಡಿಮೆ ಫಲ ಎಂಬುದರ ಗುಟ್ಟು ಇದು.

ಈ ‘ಮಣ್ಣ’ನ್ನು ಹುಡುಕಿದ ಕತೆಯೂ ಸ್ವಾರಸ್ಯವಾದದ್ದು. ಹಿಸ್ಟಮಿನ್ನನ್ನು ರಸಾಯನ ಶಾಸ್ತ್ರಜ್ಞರು 1907ರಲ್ಲೇ ತಯಾರಿಸಿದ್ದರು. 1910ರ ಹೊತ್ತಿಗೆ ಇಂಗ್ಲೆಂಡಿನ ಹೆನ್ರಿ ಡೇಲ್ ಮತ್ತು ಅವನ ಸಹೋದ್ಯೋಗಿ ಲೇಡ್ಲಾ ಅದರ ಪ್ರಭಾವಗಳನ್ನು ವಿವರಿಸಿದರು. ಅದನ್ನು ತಡೆಯುವ ವಸ್ತುವಿಗೆ ಮಾತ್ರ ಮತ್ತೆ ಕಾಲು ಶತಮಾನ ಕಾಯಬೇಕಾಯಿತು. 1937ರಲ್ಲಿ ಪ್ಯಾರಿಸ್ಸಿನ ಪಾಶ್ಚರ್ ಸಂಸ್ಥೆಯಲ್ಲಿ ಡೇನಿಯಲ್ ಬೊವೆ ಮತ್ತು ಆನ್-ಮರಿ ಸ್ಟೌಬ್, ಹಿಸ್ಟಮಿನ್ ಚುಚ್ಚಿದ ಗಿನಿಯಿಲಿಗಳನ್ನು ಸಾವಿನಿಂದ ಉಳಿಸುವ ವಸ್ತುವೊಂದನ್ನು ಕಂಡರು. ಮನುಷ್ಯರಿಗೆ ಕೊಡಲಾಗದಷ್ಟು ಅದು ವಿಷ. 1942ರಲ್ಲಿ ಫ್ರಾನ್ಸಿನಲ್ಲಿ ಮನುಷ್ಯರಿಗೆ ಕೊಡಬಹುದಾದದ್ದು ಸಿದ್ಧವಾಯಿತು. 1946ರಲ್ಲಿ ಅಮೆರಿಕದಲ್ಲಿ ಡೈಫೆನ್‌ಹೈಡ್ರಮಿನ್ ಬಂತು. ಬೊವೆಗೆ 1957ರಲ್ಲಿ ನೊಬೆಲ್ ಬಹುಮಾನ ದೊರೆಯಿತು. ಹಳ್ಳಿಯ ಅಂಗಡಿಯವರೆಗೂ ಹೆಸರು ಮಾಡಿದ ಅವಿಲ್, ಅಂದರೆ ಫೆನಿರಮಿನ್, ಮತ್ತು ನೆಗಡಿ ಗುಳಿಗೆಗಳಲ್ಲೆಲ್ಲ ಸೇರಿಕೊಂಡಿರುವ ಕ್ಲೋರ್‌ಫೆನಿರಮಿನ್ ಇದೇ ಹಳೆಯ ವಂಶದವು.

ಈ ವಂಶಕ್ಕೊಂದು ದೋಷವಿದೆ. ಹಿಸ್ಟಮಿನ್ ಮೂಗಿಗೆ ಶತ್ರುವಾದರೂ ಮಿದುಳಿಗೆ ಮಿತ್ರ. ನಮ್ಮನ್ನು ಎಚ್ಚರವಾಗಿಡುವ ರಾಸಾಯನಿಕಗಳಲ್ಲಿ ಅದೂ ಒಂದು. ಹಳೆಯ ಗುಳಿಗೆಗಳು ರಕ್ತದಿಂದ ಮಿದುಳಿಗೆ ಸುಲಭವಾಗಿ ನುಸುಳಿ ಅಲ್ಲಿಯೂ ಬಾಯಿ ಕಟ್ಟುತ್ತವೆ. ಅದರಿಂದ ಮಂಪರು. 1980ರ ದಶಕದಿಂದೀಚೆಗೆ ಬಂದ ಹೊಸ ವಂಶದ ಲೊರಾಟಡಿನ್, ಫೆಕ್ಸೊಫೆನಡಿನ್ ಮಿದುಳಿಗೆ ಹೋಗುವುದು ತೀರ ಕಡಿಮೆ. ಸೆಟ್ರಿಜಿನ್ ಹೊಸದೇ ಆದರೂ ಕೆಲವರಿಗೆ ತೂಕಡಿಕೆ ತರುತ್ತದೆ. ಹೊಸದೆಲ್ಲ ನಿರಪಾಯವೆಂದಲ್ಲ. ಮೊದಮೊದಲು ಬಂದ ಟರ್ಫೆನಡಿನ್, ಅಸ್ಟೆಮಿಜೋಲ್ ಎಂಬೆರಡು ನಿದ್ದೆ ತರುವುದಿಲ್ಲವೆಂದು ಜನಪ್ರಿಯವಾಗಿದ್ದವು. ಎರಿಥ್ರೊಮೈಸಿನ್, ಕೀಟೊಕೊನಜೋಲ್‌ನಂಥ ಬೇರೆ ಔಷಧಗಳ ಜೊತೆ ಸೇರಿದಾಗ ಹೃದಯದ ಬಡಿತವನ್ನೇ ಏರುಪೇರು ಮಾಡುತ್ತವೆಂದು ಗೊತ್ತಾಗಿ 1990ರ ದಶಕದ ಕೊನೆಯಲ್ಲಿ ಅಮೆರಿಕದ ಮಾರುಕಟ್ಟೆಯಿಂದ ಹೊರಬಿದ್ದವು. ಆ ಬಳಿಕ ಭಾರತದಲ್ಲೂ ನಿಷೇಧವಾದವು. ಇಂದು ಸಿಗುವ ಫೆಕ್ಸೊಫೆನಡಿನ್, ಟರ್ಫೆನಡಿನ್ ನಮ್ಮ ಯಕೃತ್ತಿನಲ್ಲಿ ಮಾರ್ಪಟ್ಟು ಆಗುವ ಅಪಾಯವಿಲ್ಲದ ರೂಪ. ಇದನ್ನು ಹಣ್ಣಿನ ರಸದ ಜೊತೆ ನುಂಗಬಾರದು, ರಕ್ತಕ್ಕೆ ಸೇರುವ ಪ್ರಮಾಣ ಕಡಿಮೆಯಾಗುತ್ತದೆ. ನೀರೇ ಸಾಕು.

ಮಂಪರು ಎಂದೊಡನೆ ‘ಒಂದು ನಿದ್ದೆ ಹೆಚ್ಚಾದರೇನು’ ಎನ್ನುವವರಿದ್ದಾರೆ. ನಿದ್ದೆಗಿಂತ ಅಪಾಯದ್ದು, ನಿದ್ದೆ ಬರುತ್ತಿದೆಯೆಂದು ತಿಳಿಯದಿರುವುದು. 2000ನೇ ಇಸವಿಯಲ್ಲಿ ಅಮೆರಿಕದ ಅಯೋವಾದಲ್ಲಿ ನಡೆದ ಪ್ರಯೋಗವೊಂದು ಇಲ್ಲಿ ನೆನಪಿಡಬೇಕಾದದ್ದು. ರ‍್ಯಾಗ್‌ವೀಡ್ ಪರಾಗ ಒಗ್ಗದ 40 ಮಂದಿಯನ್ನು (ರ‍್ಯಾಗ್‌ವೀಡ್ ನಮ್ಮ ಪಾರ್ಥೇನಿಯಂಗೆ ದಾಯಾದಿ) ಕೃತಕ ವಾಹನದಲ್ಲಿ ಕೂರಿಸಿ ಓಡಿಸಿ ನೋಡಿದರು. ಒಂದೊಂದು ಸಲ ಒಂದೊಂದು: ಹಳೆಯ ಡೈಫೆನ್‌ಹೈಡ್ರಮಿನ್, ಹೊಸ ಫೆಕ್ಸೊಫೆನಡಿನ್, ಮದ್ಯ, ಏನೂ ಇಲ್ಲದ ಸುಳ್ಳು ಗುಳಿಗೆ. ಹಳೆಯ ಗುಳಿಗೆ ನುಂಗಿದವರ ಚಾಲನೆ ಮದ್ಯ ಕುಡಿದಾಗಿನದಕ್ಕಿಂತ ಕೆಟ್ಟದಾಗಿತ್ತು. ಫೆಕ್ಸೊಫೆನಡಿನ್‌ನದು ಸುಳ್ಳು ಗುಳಿಗೆಯಂತೆಯೇ ಇತ್ತು. ತನಗೆ ಎಷ್ಟು ತೂಕಡಿಕೆಯಾಗುತ್ತಿದೆಯೆಂದು ಚಾಲಕ ಹೇಳಿದ್ದಕ್ಕೂ ಅವನು ಓಡಿಸಿದ್ದಕ್ಕೂ ಹೊಂದಿಕೆ ಅಷ್ಟಾಗಿ ಇರಲಿಲ್ಲ.

ಬೆಂಗಳೂರು–ಮೈಸೂರು ದಾರಿ ಮದ್ದೂರು, ಮಂಡ್ಯಗಳನ್ನು ಹಾದೇ ಹೋಗಬೇಕು. 2023ರ ಮಾರ್ಚಿಯಲ್ಲಿ ಮದ್ದೂರು ತಾಲ್ಲೂಕಿನ ಗೆಜ್ಜಲಗೆರೆಯಲ್ಲಿ ಉದ್ಘಾಟನೆಯಾದ ಹೊಸ ಹೆದ್ದಾರಿಯಲ್ಲಿ ಕಾರುಗಳ ವೇಗ ಹೆಚ್ಚಿದೆ. ಅದೇ ವರ್ಷದ ಆಗಸ್ಟಿನಿಂದ ಟ್ರ್ಯಾಕ್ಟರು, ಬೈಕು, ಆಟೊಗಳು ಪಕ್ಕದ ಸರ್ವಿಸ್ ರಸ್ತೆ ಹಿಡಿದಿವೆ. ಕಬ್ಬು ಕಡಿಯುವ ಕಾಲದಲ್ಲಿ ರಾತ್ರಿಯೆಲ್ಲ ಹೊರೆ ಸಾಗಿಸುವ ಟ್ರ್ಯಾಕ್ಟರ್ ಚಾಲಕ, ಸೋಗೆಯ ಸುಂಕಿಗೆ ಮೈ ಕೆರೆತ ತಾಳದೆ ಒಂದು ಗುಳಿಗೆ ನುಂಗಿ ಹೊರಟರೆ ಅಪಾಯ ಅವನೊಬ್ಬನದಲ್ಲ. ಆಲೆಮನೆಯ ವಿಷಯ ಇನ್ನೂ ಸೂಕ್ಷ್ಮ. ಗಾಣಕ್ಕೆ ಕಬ್ಬು ಕೊಡುವವನ ಕೈ ಹಲ್ಲುಗಳಿಂದ ಒಂದು ಗೇಣು ದೂರದಲ್ಲಿರುತ್ತದೆ. ಪಕ್ಕದಲ್ಲೇ ಕೊಪ್ಪರಿಗೆಯಲ್ಲಿ ಪಾಕ ಕುದಿಯುತ್ತಿರುತ್ತದೆ. ಅರೆಗಳಿಗೆ ತೂಕಡಿಸಿದರೂ ಕೈಯೇ ಹೋದೀತು. ಹಳೆಯ ವಂಶದ ಗುಳಿಗೆ ನುಂಗಿದವರು ಅಂದು ಯಂತ್ರದ ಬಳಿಗೂ ಚುಕ್ಕಾಣಿಯ ಬಳಿಗೂ ಹೋಗಬಾರದು. ರಾತ್ರಿ ನುಂಗಿದ್ದರ ಮಂಪರು ಬೆಳಗ್ಗೆಯವರೆಗೂ ಉಳಿಯುವುದುಂಟು. ಸಂಜೆ ಮದ್ಯ ಸೇವಿಸುವವರಿಗಂತೂ ಎರಡೂ ಸೇರಿದರೆ ಒಂದಕ್ಕೊಂದು ಬಲ ಕೊಡುತ್ತವೆ. ನಿದ್ದೆ ಗುಳಿಗೆ, ಮಾನಸಿಕ ಕಾಯಿಲೆಯ ಕೆಲವು ಔಷಧಗಳ ಜೊತೆಗೂ ಹಾಗೆಯೇ.

ಮದ್ದಿನಂಗಡಿಯ ವ್ಯವಹಾರದಲ್ಲೊಂದು ತೊಡಕಿದೆ. ‘ನೆಗಡಿಗೆ ಎರಡು ಗುಳಿಗೆ ಕೊಡಿ’ ಎಂದರೆ ಪಟ್ಟಿಯಿಂದ ಎರಡನ್ನು ಕತ್ತರಿಸಿ ಕೊಡುತ್ತಾರೆ. ಹೆಸರು, ಪ್ರಮಾಣ, ಅವಧಿ ಮುಗಿಯುವ ದಿನ ಎಲ್ಲವೂ ಅಂಗಡಿಯಲ್ಲಿ ಉಳಿದ ತುಂಡಿನ ಮೇಲೆ. ನೆಗಡಿ ಗುಳಿಗೆಗಳಲ್ಲಿ ಬಹುಪಾಲಿನಲ್ಲಿ ಪ್ಯಾರಾಸಿಟಮಾಲ್ ಜೊತೆ ಕ್ಲೋರ್‌ಫೆನಿರಮಿನ್ ಇರುತ್ತದೆ. ಕೆಮ್ಮಿನ ಸಿರಪ್ಪಿನಲ್ಲೂ ಅದೇ. ಅಲರ್ಜಿಗೆಂದು ಇನ್ನೊಂದು. ಮೂರು ಹೆಸರಿನಲ್ಲಿ ಒಂದೇ ಬಗೆಯ ಔಷಧ ಮೂರು ಪಾಲು ಹೊಟ್ಟೆಗೆ ಹೋದದ್ದು ಗೊತ್ತೇ ಆಗುವುದಿಲ್ಲ. ಔಷಧ ನಿಯಮಗಳ ‘ಜಿ’ ಅನುಸೂಚಿಯಲ್ಲಿ ಹಿಸ್ಟಮಿನ್ ವಿರೋಧಿ ಔಷಧಗಳು ಸೇರಿವೆ. ವೈದ್ಯರ ಮೇಲ್ವಿಚಾರಣೆ ಇಲ್ಲದೆ ಸೇವಿಸುವುದು ಅಪಾಯಕರ ಎಂಬ ಎಚ್ಚರಿಕೆ ಆ ಕಾರಣಕ್ಕೆ ಪಟ್ಟಿಯ ಮೇಲಿರುತ್ತದೆ, ಕತ್ತರಿಸದಿದ್ದರೆ. ಪೊಟ್ಟಣದಲ್ಲಿ ಕಟ್ಟಿಕೊಡುವ ಮೂರು ನಾಲ್ಕು ಬಿಡಿ ಗುಳಿಗೆಗಳ ಬಗ್ಗೆ ಇನ್ನಷ್ಟು ಅನುಮಾನ ಪಡಬೇಕು. ಎಷ್ಟೋ ಸಲ ಒಂದು ಸ್ಟೀರಾಯ್ಡ್ ಆಗಿರುತ್ತದೆ. ಎರಡೇ ದಿನದಲ್ಲಿ ನವೆ ಮಾಯವಾದ ಕೀರ್ತಿ ಅದಕ್ಕೆ ಸಲ್ಲಬೇಕು. ತಿಂಗಳುಗಟ್ಟಲೆ ನುಂಗಿದರೆ ಸಕ್ಕರೆ ಕಾಯಿಲೆ, ಮೂಳೆ ಸವೆತವೂ ಅದರದೇ.

ಪ್ರಮಾಣದ ಮಾತಿಗೆ ಬಂದರೆ, ವಯಸ್ಕರಿಗೆ ಸೆಟ್ರಿಜಿನ್ ಅಥವಾ ಲೊರಾಟಡಿನ್ ದಿನಕ್ಕೊಂದು, 10 ಮಿಲಿಗ್ರಾಂ. ಒಂದರಿಂದ ನವೆ ನಿಲ್ಲದಿದ್ದರೆ ತಾನಾಗಿ ಎರಡು, ಮೂರು ಮಾಡಿಕೊಳ್ಳುವಂತಿಲ್ಲ. ಅದನ್ನು ಹೆಚ್ಚಿಸುವುದು ವೈದ್ಯರಿಗೆ ಬಿಟ್ಟ ವಿಚಾರ. ಮೂತ್ರಪಿಂಡ ದುರ್ಬಲವಾದವರಿಗೆ ಸೆಟ್ರಿಜಿನ್ ಪ್ರಮಾಣ ಇಳಿಸಬೇಕಾಗುತ್ತದೆ. ಹಳೆಯ ವಂಶದವು ಮೂತ್ರಕೋಶದ ಸ್ನಾಯುವನ್ನೂ ಸಡಿಲಿಸುತ್ತವೆ. ಪ್ರಾಸ್ಟೇಟ್ ದಪ್ಪವಾಗಿ ಮೊದಲೇ ಕಷ್ಟಪಡುವ ಹಿರಿಯರು ನೆಗಡಿ ಗುಳಿಗೆ ನುಂಗಿ, ಮೂತ್ರವೇ ಕಟ್ಟಿಹೋಗಿ ನಡುರಾತ್ರಿ ಆಸ್ಪತ್ರೆ ಸೇರುವುದಕ್ಕೆ ಇದು ಕಾರಣ. ಕಣ್ಣಿನ ಒತ್ತಡದ ಒಂದು ಬಗೆಯಲ್ಲೂ ಇವು ಕೆಡುಕು. ವಯಸ್ಸಾದವರಲ್ಲಿ ಬಾಯಿ ಒಣಗುವುದು, ಮಲಬದ್ಧತೆ, ಗೊಂದಲ, ಕತ್ತಲಲ್ಲಿ ಎದ್ದು ಬೀಳುವುದು ಎಲ್ಲ ಉಂಟು. ಮನೆಯವರು ಅದನ್ನು ಅರಳುಮರಳೆಂದು ತಿಳಿಯುತ್ತಾರೆ.

ಮಕ್ಕಳ ವಿಷಯದಲ್ಲಿ ಇನ್ನೊಂದು ಪದ್ಧತಿ ಬೆಳೆದಿದೆ. ರಾತ್ರಿ ಅಳುವ ಮಗುವಿಗೆ ನೆಗಡಿ ಸಿರಪ್ ಒಂದು ಮುಚ್ಚಳ ಕುಡಿಸಿ ಮಲಗಿಸುವುದು. ಮಗು ನಿದ್ದೆ ಮಾಡುತ್ತದೆ ನಿಜ. ಆದರೆ ಪ್ರೊಮೆಥಜಿನ್ ಎಂಬ ಹಳೆಯ ಔಷಧ ಎರಡು ವರ್ಷದೊಳಗಿನ ಮಕ್ಕಳ ಉಸಿರಾಟವನ್ನೇ ಕುಗ್ಗಿಸಿ ಸಾವು ತಂದ ಪ್ರಸಂಗಗಳಿವೆ. ಆ ವಯಸ್ಸಿಗೆ ಅದು ಸಲ್ಲದು. 2023ರ ಡಿಸೆಂಬರಿನಲ್ಲಿ ಭಾರತದ ಔಷಧ ನಿಯಂತ್ರಕರು, ಕ್ಲೋರ್‌ಫೆನಿರಮಿನ್ ಮತ್ತು ಫಿನೈಲ್‌ಎಫ್ರಿನ್ ಬೆರೆಸಿದ ಔಷಧವನ್ನು ನಾಲ್ಕು ವರ್ಷದೊಳಗಿನ ಮಕ್ಕಳಿಗೆ ಕೊಡಬಾರದೆಂದು ಪೊಟ್ಟಣದ ಮೇಲೆ ಮುದ್ರಿಸುವಂತೆ ತಯಾರಕರಿಗೆ ಸೂಚಿಸಿದರು. ‘ಹಸಿವಿನ ಟಾನಿಕ್’ ಎಂದು ಕೊಡುವ ಕೆಲವು ಬಾಟಲಿಗಳಲ್ಲಿರುವ ಸೈಪ್ರೊಹೆಪ್ಟಡಿನ್ ಕೂಡ ಇದೇ ವಂಶದ್ದೆಂದು ಎಷ್ಟು ತಾಯಂದಿರಿಗೆ ಗೊತ್ತು? ಬಸುರಿಯರು, ಹಾಲೂಡಿಸುವವರು ಯಾವುದನ್ನೇ ಆಗಲಿ ವೈದ್ಯರನ್ನು ಕೇಳಿ ತೆಗೆದುಕೊಳ್ಳಬೇಕು. ತಾಯಿ ನುಂಗಿದ ಹಳೆಯ ಗುಳಿಗೆ ಕೂಸಿಗೂ ತೂಕಡಿಕೆ ತರಬಲ್ಲದು.

ಗುಳಿಗೆ ಕೆಲಸ ಮಾಡದ ಕಡೆ ಅದನ್ನೇ ನಂಬಿ ಕೂರುವುದು ಎಲ್ಲಕ್ಕಿಂತ ದೊಡ್ಡ ತಪ್ಪು. ಉಬ್ಬಸಕ್ಕೆ ಇದು ಮದ್ದಲ್ಲ. ಅದಕ್ಕೆ ಶ್ವಾಸನಾಳಕ್ಕೇ ತಲುಪುವ ಇನ್‌ಹೇಲರ್ ಬೇಕು. ಸದಾ ಕಟ್ಟಿಕೊಂಡ ಮೂಗಿಗೂ ಅಷ್ಟಕ್ಕಷ್ಟೇ. ವೈದ್ಯರು ಮೂಗಿಗೆ ಸಿಂಪಡಿಸುವ ಔಷಧ ಬರೆಯುತ್ತಾರೆ. ಬೂಷ್ಟು ಹಿಡಿದ ಕಬ್ಬಿನ ಸಿಪ್ಪೆಯ ದೂಳಿನಿಂದ ಶ್ವಾಸಕೋಶಕ್ಕೆ ಬರುವ ‘ಬಗಾಸೋಸಿಸ್’ ಹಿಸ್ಟಮಿನ್ನಿನ ಕಾಯಿಲೆಯಲ್ಲ. ಪಾರ್ಥೇನಿಯಂ ಮುಟ್ಟಿ ಬಂದ ಒರಟು ಕಜ್ಜಿಯೂ ಅಲ್ಲ. ಅಲ್ಲಿ ಗುಳಿಗೆ ನವೆಯನ್ನು ತುಸು ತಗ್ಗಿಸಿ ನಿದ್ದೆ ತರಿಸೀತು ಅಷ್ಟೆ.

ಹೆಜ್ಜೇನು ಕಡಿದಾಗ, ಇಂಜೆಕ್ಷನ್ನೋ ಆಹಾರವೋ ತೀವ್ರವಾಗಿ ಒಗ್ಗದಿದ್ದಾಗ ಕೆಲವರಿಗೆ ದದ್ದಿನ ಜೊತೆ ತುಟಿ, ನಾಲಗೆ ಊದಿ, ದನಿ ಬದಲಾಗಿ, ಉಸಿರು ಕಟ್ಟಿ, ರಕ್ತದೊತ್ತಡ ಕುಸಿಯುತ್ತದೆ. ಇಂಥ ಆಘಾತಕ್ಕೆ ಹೆಸರಿಟ್ಟ ಫ್ರಾನ್ಸಿನ ಷಾರ್ಲ್ ರಿಶೆಗೆ 1913ರಲ್ಲಿ ನೊಬೆಲ್ ಬಂತು. ಇಲ್ಲಿ ಜೀವ ಉಳಿಸುವುದು ತೊಡೆಯ ಸ್ನಾಯುವಿಗೆ ಕೊಡುವ ಅಡ್ರಿನಲಿನ್ ಚುಚ್ಚುಮದ್ದು. ಅವಿಲ್ ನುಂಗಿಸಿ ‘ನೋಡೋಣ’ ಎಂದು ಜಗಲಿಯ ಮೇಲೆ ಮಲಗಿಸಿದ ಅರ್ಧ ಗಂಟೆಯೇ ಕೈತಪ್ಪಿದ ಅರ್ಧ ಗಂಟೆ. ಮಲಗಿಸಿದವರನ್ನು ಎಬ್ಬಿಸಿ ನಡೆಸಬಾರದು. 108ಕ್ಕೆ ಫೋನು ಮಾಡಿ ಹತ್ತಿರದ ಆಸ್ಪತ್ರೆಗೆ ಸಾಗಿಸಬೇಕು.

ವರ್ಷಗಟ್ಟಲೆ ದಿನಾ ಸೆಟ್ರಿಜಿನ್ ನುಂಗುವವರು ಹಲವರಿದ್ದಾರೆ. ಬಿಟ್ಟ ಕೂಡಲೇ ಮೈಯೆಲ್ಲ ವಿಪರೀತ ನವೆ ಹತ್ತುತ್ತದೆ, ಆದ್ದರಿಂದ ಬಿಡಲಾಗುತ್ತಿಲ್ಲ ಎಂಬುದು ಕೆಲವರ ದೂರು. ಅದು ಮೂಲ ಕಾಯಿಲೆಯೇ ಮರಳಿದ್ದೆಂದು ಭಾವಿಸಲಾಗುತ್ತಿತ್ತು. ಸೆಟ್ರಿಜಿನ್, ಲೆವೊಸೆಟ್ರಿಜಿನ್‌ಗಳನ್ನು ದೀರ್ಘಕಾಲ ಸೇವಿಸಿ ನಿಲ್ಲಿಸಿದಾಗ ಅಪರೂಪಕ್ಕೆ ಇಂಥ ತೀವ್ರ ನವೆ ಬರಬಹುದೆಂದು ಅಮೆರಿಕದ ಔಷಧ ಆಡಳಿತ 2025ರ ಮೇ ತಿಂಗಳಲ್ಲಿ ಎಚ್ಚರಿಸಿತು. ಅಂಥವರು ಧೈರ್ಯಗೆಡಬೇಕಿಲ್ಲ, ವೈದ್ಯರ ಸಲಹೆಯಂತೆ ಔಷಧವನ್ನು ಮತ್ತೆ ಆರಂಭಿಸಿ ನಿಧಾನವಾಗಿ ಇಳಿಸಿದಾಗ ಕೆಲವರಿಗೆ ಗುಣ ಕಂಡಿದೆ.

ಯಾವುದು ಒಗ್ಗದೆಂದು ಹುಡುಕಲು ಚರ್ಮದ ಮೇಲೆ ಪರೀಕ್ಷೆ ಮಾಡುವುದುಂಟು. ಪರಾಗ, ದೂಳಿನ ಹುಳು, ಬೂಷ್ಟುಗಳ ದ್ರಾವಣದ ಒಂದೊಂದು ಹನಿಯನ್ನು ಮುಂಗೈ ಮೇಲಿಟ್ಟು ಸೂಜಿಯಿಂದ ಗೀರುತ್ತಾರೆ. ಒಗ್ಗದ್ದು ಕಾಲು ಗಂಟೆಯಲ್ಲಿ ಪುಟ್ಟ ಗಂಧೆಯಾಗಿ ಏಳುತ್ತದೆ. ಈ ಪರೀಕ್ಷೆಗೆ ಸುಮಾರು ಒಂದು ವಾರ ಮುಂಚೆಯೇ, ವೈದ್ಯರನ್ನು ಕೇಳಿ, ಗುಳಿಗೆ ನಿಲ್ಲಿಸಿರಬೇಕು. ಬೆಳಗ್ಗೆ ಸೀನು ಬಂತೆಂದು ಒಂದನ್ನು ನುಂಗಿ ಬಸ್ಸು ಹತ್ತಿದವರ ತೋಳಿನ ಮೇಲೆ ಏನೂ ಏಳುವುದಿಲ್ಲ. ಇನ್ನೊಂದು ದಿನ ಬರಬೇಕಾಗುತ್ತದೆ.